ಶೋಪೆನ್‌ಹೌವರ್, ಆರ್ಥರ್
1788–1860. ಜರ್ಮನ್ ತತ್ತ್ವಜ್ಞಾನಿ. ಹುಟ್ಟಿದ್ದು ಡಾನ್‌ಜಿಗ್‌ನಲ್ಲಿ. ಜಗತ್ತಿನ ಮೂಲದಲ್ಲಿರುವುದು ಕುರುಡು ಇಚ್ಛೆ, ಅದು ತಣಿಯದ್ದರಿಂದಲೇ ದುಃಖ ಎಂಬುದು ಈತನ ನಿಲುವು. ಕಲಾನುಭವದಲ್ಲಿ ಆ ಹಂಬಲ ಕೊಂಚ ಹೊತ್ತು ಅಡಗುತ್ತದೆ. ಸಂಗೀತವಂತೂ ಇಚ್ಛೆಯನ್ನೇ ನೇರವಾಗಿ ನುಡಿಯುತ್ತದೆ. ಯುರೋಪಿನ ತತ್ತ್ವಶಾಸ್ತ್ರದಲ್ಲಿ ಸಂಗೀತಕ್ಕೆ ಇಷ್ಟು ಎತ್ತರದ ಸ್ಥಾನ ಸಿಕ್ಕಿದ್ದು ಅಪರೂಪ.

1854ರಲ್ಲಿ ಈತನನ್ನು ಓದಿದ ಸಂಗೀತ ರಚನಕಾರ ವಾಗ್ನರ್‌ನ ಕಲಾದೃಷ್ಟಿಯೇ ಬದಲಾಯಿತು. 1865ರಲ್ಲಿ ಮ್ಯೂನಿಕ್‌ನಲ್ಲಿ ಮೊದಲು ರಂಗವೇರಿದ ಅವನ ಗೀತನಾಟಕ ‘ಟ್ರಿಸ್ಟಾನ್ ಮತ್ತು ಇಸೋಲ್ಡೆ’ಯಲ್ಲಿ ಸ್ವರಗಳ ತಳಮಳ ಕೊನೆಯವರೆಗೂ ಶಮನವಾಗುವುದಿಲ್ಲ, ಆಧುನಿಕ ಪಾಶ್ಚಾತ್ಯ ಸಂಗೀತಕ್ಕೆ ಅದು ತೆರೆದ ದಾರಿ ದೊಡ್ಡದು. ಸಾಹಿತಿಗಳಾದ ಟಾಲ್‌ಸ್ಟಾಯ್, ಹಾರ್ಡಿ, ಥಾಮಸ್ ಮನ್, ಬೆಕೆಟ್ ಕೂಡ ಈತನನ್ನು ಆಳವಾಗಿ ಓದಿದವರು. ಪ್ಲೇಟೋ, ಕಾಂಟ್‌ರ ಜೊತೆಗೆ ಉಪನಿಷತ್ತುಗಳ ಋಣವನ್ನೂ ಈತ ಮನಸಾರೆ ಒಪ್ಪಿಕೊಂಡಿದ್ದ. ಅವನ್ನು ಓದಿದ್ದು ಪರ್ಷಿಯನ್ ಪಾಠದಿಂದ ಮಾಡಿದ ಲ್ಯಾಟಿನ್ ಅನುವಾದದಲ್ಲಿ.