ಸೋತವರ ಮನೆಯ ಅಳಲು: ಈಸ್ಕಿಲಸ್‌ನ ‘ಪರ್ಷಿಯನ್ನರು’

ಇತಿಹಾಸದ ಪಾಠಪುಸ್ತಕಗಳಲ್ಲಿ ಯುದ್ಧವೆಂದರೆ ಇಸವಿ, ಕಾರಣ, ಗೆದ್ದವರು, ಪರಿಣಾಮ ಎಂಬ ನಾಲ್ಕು ಅಂಶಗಳು. ಸೋತವರ ಮನೆಯಲ್ಲಿ ಅಂದು ಏನಾಯಿತೆಂಬುದಕ್ಕೆ ಅಲ್ಲಿ ಜಾಗವಿಲ್ಲ. ಸುಮಾರು 2,500 ವರ್ಷಗಳ ಹಿಂದೆ ಅಥೆನ್ಸಿನ ನಾಟಕಕಾರ ಈಸ್ಕಿಲಸ್ ಅದನ್ನೇ ರಂಗದ ಮೇಲೆ ತಂದ.

ಈಸ್ಕಿಲಸ್ ಕವಿ ಮಾತ್ರವಲ್ಲ, ಯೋಧನೂ ಹೌದು. ಕ್ರಿ.ಪೂ. 490ರಲ್ಲಿ ಮ್ಯಾರಥಾನ್ ಬಯಲಿನಲ್ಲಿ ಪರ್ಷಿಯಾದ ಸೈನ್ಯದ ವಿರುದ್ಧ ಹೋರಾಡಿದ. ಅದೇ ಯುದ್ಧದಲ್ಲಿ ಆತನ ಸಹೋದರ ಮಡಿದ. ಕ್ರಿ.ಪೂ. 480ರಲ್ಲಿ ಪರ್ಷಿಯಾದ ದೊರೆ ಕ್ಸೆರ್ಕ್ಸಸ್ ಮತ್ತೆ ದಂಡೆತ್ತಿ ಬಂದು ಅಥೆನ್ಸಿನ ದೇವಾಲಯಗಳನ್ನು ಸುಟ್ಟ. ಅದೇ ವರ್ಷ ಸಲಾಮಿಸ್‌ನ ಇಕ್ಕಟ್ಟಾದ ಜಲಸಂಧಿಯಲ್ಲಿ ಗ್ರೀಕರ ಹಡಗುಗಳು ಅವನ ನೌಕಾಪಡೆಯನ್ನು ಸೋಲಿಸಿದವು.

ಇದಾದ ಎಂಟು ವರ್ಷಕ್ಕೆ, ಕ್ರಿ.ಪೂ. 472ರಲ್ಲಿ, ‘ಪರ್ಷಿಯನ್ನರು’ ನಾಟಕ ಅಥೆನ್ಸಿನಲ್ಲಿ ಪ್ರದರ್ಶನವಾಯಿತು. ಮೇಳದ ಖರ್ಚು ವಹಿಸಿದವನು ಮುಂದೆ ಪ್ರಸಿದ್ಧ ನಾಯಕನಾದ ಯುವಕ ಪೆರಿಕ್ಲಿಸ್. ನೋಡಲು ಕುಳಿತವರಲ್ಲಿ ಸಲಾಮಿಸ್‌ನಲ್ಲಿ ಹುಟ್ಟು ಹಾಕಿದವರೇ ಎಷ್ಟೋ ಮಂದಿ. ಆದರೆ ಕಥೆ ನಡೆಯುವುದು ಅಥೆನ್ಸಿನಲ್ಲಲ್ಲ, ಶತ್ರುವಿನ ರಾಜಧಾನಿ ಸೂಸಾದಲ್ಲಿ! ಮಗನ ದಾರಿ ಕಾಯುವ ರಾಜಮಾತೆ, ಸೋಲಿನ ಸುದ್ದಿ ತರುವ ದೂತ, ಸಮಾಧಿಯಿಂದೇಳುವ ಹಿಂದಿನ ದೊರೆ ದಾರಿಯಸ್‌ನ ಪ್ರೇತ, ಕೊನೆಗೆ ಹರಿದ ಬಟ್ಟೆಯಲ್ಲಿ ಬರುವ ಕ್ಸೆರ್ಕ್ಸಸ್. ಸತ್ತ ಪರ್ಷಿಯನ್ ನಾಯಕರ ಹೆಸರುಗಳು ಸಾಲುಸಾಲಾಗಿ ಕೇಳಿಬರುತ್ತವೆ. ಗೆದ್ದ ಗ್ರೀಕರಲ್ಲಿ ಒಬ್ಬನ ಹೆಸರೂ ನಾಟಕದಲ್ಲಿಲ್ಲ.

ಅಥೆನ್ಸಿನವರ ಗೆಲುವಿನ ಹೆಮ್ಮೆ ನಾಟಕದಲ್ಲಿ ಇಲ್ಲವೆಂದಲ್ಲ. ಅವರು ಯಾರ ಗುಲಾಮರೂ ಅಲ್ಲವೆಂಬ ಮಾತು ಪರ್ಷಿಯನ್ನರ ಬಾಯಲ್ಲೇ ಬರುತ್ತದೆ. ಆದರೂ ಕವಿಯ ಎಚ್ಚರಿಕೆ ಎಲ್ಲರಿಗೂ ಸೇರಿದ್ದು. ಸಮುದ್ರಕ್ಕೆ ದೋಣಿಗಳ ಸೇತುವೆ ಕಟ್ಟಿ ಪರರ ನೆಲಕ್ಕೆ ಕೈಚಾಚಿದ ಮದವೇ ಕೇಡಿಗೆ ಮೂಲವೆಂದು ದಾರಿಯಸ್‌ನ ಪ್ರೇತ ಹೇಳುತ್ತದೆ. ಅಥೆನ್ಸಿನವರು ಈ ನಾಟಕವಿದ್ದ ಸರಣಿಗೆ ಮೊದಲ ಬಹುಮಾನ ಕೊಟ್ಟರು, ಪಾಠವನ್ನು ಮಾತ್ರ ಕಲಿಯಲಿಲ್ಲ. ಕ್ರಿ.ಪೂ. 415ರಲ್ಲಿ ತಾವೇ ಸಮುದ್ರ ದಾಟಿ ಸಿಸಿಲಿಯ ಮೇಲೆ ದಂಡೆತ್ತಿ ಹೋದರು. ಎರಡೇ ವರ್ಷದಲ್ಲಿ ಹಡಗುಗಳನ್ನೂ ಸೈನ್ಯವನ್ನೂ ಕಳೆದುಕೊಂಡರು. ಆಗ ಅಳು ಅವರ ಮನೆಗಳಲ್ಲೇ ಎದ್ದಿತು.

ಈಸ್ಕಿಲಸ್ ಬರೆದ ನಾಟಕಗಳು ಎಪ್ಪತ್ತಕ್ಕೂ ಹೆಚ್ಚು. ಅವನ ಹೆಸರಿನಲ್ಲಿ ಉಳಿದಿರುವುದು ಏಳು. ಸಮಕಾಲೀನ ಇತಿಹಾಸವನ್ನೇ ವಸ್ತುವಾಗಿಸಿಕೊಂಡು ಇಂದಿಗೆ ಪೂರ್ಣವಾಗಿ ಉಳಿದಿರುವ ಗ್ರೀಕ್ ರುದ್ರನಾಟಕ ಇದೊಂದೇ.

ಈ ನಾಟಕವನ್ನು ‘ಪಾರಸಿಕರು’ ಎಂದು ಕನ್ನಡಕ್ಕೆ ತಂದವರು ಬಿ.ಎಂ.ಶ್ರೀ. ರನ್ನನ ಕಾವ್ಯದಿಂದ ‘ಗದಾಯುದ್ಧ ನಾಟಕ’ವನ್ನು ರೂಪಿಸಿದವರೂ ಅವರೇ. ತನ್ನವರ ಹೆಣಗಳ ನಡುವೆ ನಡೆಯುವ ರನ್ನನ ದುರ್ಯೋಧನನಿಗಾಗಿ ಮರುಗಿದ ಕನ್ನಡಿಗರಿಗೆ ಕ್ಸೆರ್ಕ್ಸಸ್‌ನ ಗೋಳು ಹೊರಗಿನದೆನಿಸಲಾರದು.

ಶಿಕ್ಷಕ ಮಿತ್ರರಲ್ಲಿ ನಮ್ಮದೊಂದು ಸಲಹೆ. ಯಾವುದೇ ಯುದ್ಧದ ಪಾಠ ಮುಗಿದ ಮೇಲೆ, ಸೋತ ಊರಿನ ತಾಯಿಯೊಬ್ಬಳು ಬರೆದಂತೆ ಒಂದು ಪತ್ರ ಬರೆಯಲು ಮಕ್ಕಳಿಗೆ ಹೇಳಿ. ನಾಲ್ಕು ಅಂಶಗಳಲ್ಲಿ ಬಿಟ್ಟುಹೋದದ್ದು ಆ ಪತ್ರದಲ್ಲಿ ಸಿಕ್ಕೀತು.