ಯುದ್ಧೋತ್ತರ ಇಗ್ಬೊ ಸಮಾಜ ಮತ್ತು ಒಸಡೆಬೆಯವರ ಹೈಲೈಫ್ ಗೀತೆಗಳು

ಇಂದು ಘಾನಾ ಎನಿಸಿಕೊಂಡಿರುವ ಗೋಲ್ಡ್ ಕೋಸ್ಟಿನ ಕರಾವಳಿ ಪಟ್ಟಣಗಳಲ್ಲಿ ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ರೂಪುಗೊಂಡ ಹೈಲೈಫ್ ಸಂಗೀತವು 1950ರ ದಶಕದಲ್ಲಿ ನೈಜೀರಿಯಾದ ಲಾಗೋಸ್ ನಗರವನ್ನು ವ್ಯಾಪಿಸಿತು. ಟ್ರಂಪೆಟ್, ಸ್ಯಾಕ್ಸೊಫೋನ್, ಗಿಟಾರುಗಳನ್ನು ಸ್ಥಳೀಯ ತಾಳವಾದ್ಯಗಳೊಡನೆ ಬೆಸೆದ ಈ ಪ್ರಕಾರ ಮೂಲತಃ ಬಹುಭಾಷಿಕ ನಗರದ್ದು. ಯಾವುದೇ ಒಂದು ಜನಾಂಗದ ಸ್ವತ್ತಲ್ಲ. ಅದು ಇಗ್ಬೊ ಜನರ ಸಾಂಸ್ಕೃತಿಕ ಸ್ಮೃತಿಯ ವಾಹಕವಾದ ಬಗೆಯನ್ನು ಸ್ಟೀಫನ್ ಒಸಿಟ ಒಸಡೆಬೆ (1936-2007) ಅವರ ಗಾಯನದಲ್ಲಿ ಸ್ಪಷ್ಟವಾಗಿ ಗುರುತಿಸಬಹುದು.

ನೈಜರ್ ನದಿಯ ದಡದ ಅಟಾನಿಯಲ್ಲಿ ಹುಟ್ಟಿದ ಒಸಡೆಬೆ 1950ರ ದಶಕದ ಕೊನೆಗೆ ಲಾಗೋಸಿನಲ್ಲಿ ಹಾಡತೊಡಗಿದರು. ನಗರಜೀವನದ ಮೋಜು ಆಗಿನ ಕಿರುಗೀತೆಗಳ ಮೆಚ್ಚಿನ ವಸ್ತು. ಆ ಲೋಕವನ್ನು ಒಡೆದದ್ದು ಇತಿಹಾಸ. 1966ರಲ್ಲಿ ಉತ್ತರ ನೈಜೀರಿಯಾದಲ್ಲಿ ಇಗ್ಬೊ ಜನರ ಹತ್ಯೆಗಳಾದವು. 1967ರ ಜುಲೈಯಿಂದ 1970ರ ಜನವರಿಯವರೆಗೆ ಬಿಯಾಫ್ರಾ ಯುದ್ಧ ನಡೆಯಿತು. ಗುಂಡಿಗಿಂತ ಹಸಿವಿಗೆ ಬಲಿಯಾದವರೇ ಹೆಚ್ಚು. ಯುದ್ಧ ಮುಗಿದ ಮೇಲೆ ಬ್ಯಾಂಕಿನಲ್ಲಿ ಎಷ್ಟೇ ಠೇವಣಿ ಇದ್ದರೂ ಖಾತೆದಾರನಿಗೆ ದೊರೆತದ್ದು 20 ಪೌಂಡು ಮಾತ್ರ. ಇಗ್ಬೊ ವಾದಕರು ತೆರವು ಮಾಡಿದ ಲಾಗೋಸಿನ ವೇದಿಕೆಗಳಲ್ಲಿ ಯೊರುಬಾ ಭಾಷೆಯ ಜುಜು ಸಂಗೀತ ನೆಲೆಯೂರಿತು. ಹೈಲೈಫಿನ ಕೇಂದ್ರ ಪೂರ್ವದ ಪಟ್ಟಣಗಳತ್ತ ಸರಿಯಿತು.

ಈ ಸ್ಥಳಾಂತರವೇ ಹಾಡಿನ ಸ್ವರೂಪವನ್ನೂ ಬದಲಿಸಿತೆಂಬುದು ಪ್ರಸ್ತುತ ಲೇಖಕನ ಅಭಿಪ್ರಾಯ. ಕೇಳುಗರೆಲ್ಲ ಒಂದೇ ಭಾಷೆಯವರಾದಾಗ ಗಾಯಕನಿಗೆ ಗಾದೆಗಳ ಮೂಲಕವೇ ಮಾತನಾಡುವ ಸ್ವಾತಂತ್ರ್ಯ ದೊರೆಯುತ್ತದೆ. ಎಲ್.ಪಿ. ತಟ್ಟೆಯ ದೀರ್ಘಾವಧಿಯೂ ಅದಕ್ಕೆ ಒದಗಿಬಂತು. 1984ರಲ್ಲಿ ಅಪಾರ ಜನಪ್ರಿಯತೆ ಗಳಿಸಿದ ‘ಒಸೊಂಡಿ ಒವೆಂಡಿ’ಯ ಶೀರ್ಷಿಕೆಯೇ ಒಂದು ನಾಣ್ಣುಡಿ. ಒಬ್ಬರಿಗೆ ಹಿತವಾದದ್ದು ಮತ್ತೊಬ್ಬರಿಗೆ ಸಲ್ಲದು ಎಂಬ ಅದರ ಆಶಯ ನಮ್ಮ ‘ಲೋಕೋ ಭಿನ್ನರುಚಿಃ’ ಎಂಬ ಮಾತಿಗೆ ಸಮೀಪವಾದುದು. ಅವಸರವಿಲ್ಲದ ಲಯ, ಗಾಯಕನ ಸೊಲ್ಲಿಗೆ ಮೇಳದ ಮರುಸೊಲ್ಲು ಊರಸಭೆಯ ಮಾತುಗಾರಿಕೆಯನ್ನು ನೆನಪಿಸುತ್ತವೆ.

ಧನಿಕ ವರ್ತಕರನ್ನೂ ಪದವೀಧಾರಿ ಹಿರಿಯರನ್ನೂ ಹೆಸರಿಸಿ ಹೊಗಳುವ ಇಂತಹ ಹಾಡುಗಳನ್ನು ಮುಖಸ್ತುತಿಯೆಂದು ತಳ್ಳಿಹಾಕುವುದು ಸುಲಭ. ಹಣದ ಋಣ ಅಲ್ಲಿದ್ದೇ ಇತ್ತು, ಅದನ್ನು ಮರೆಮಾಚಬೇಕಿಲ್ಲ. ಆದರೆ ಉಳಿತಾಯ ಕಳೆದುಕೊಂಡ ಸಮಾಜವೊಂದು ಊರಸಂಘಗಳ ಮೂಲಕ ಶಾಲೆ, ರಸ್ತೆಗಳನ್ನು ತಾನೇ ಕಟ್ಟಿಕೊಳ್ಳುತ್ತಿದ್ದ ಕಾಲದಲ್ಲಿ, ಯಾರು ಗಣ್ಯರು, ಯಾವುದು ಗೌರವ ಎಂಬುದರ ದಾಖಲೆಯೂ ಈ ಹಾಡುಗಳಲ್ಲಿದೆ. ಸರ್ಕಾರಿ ಕಡತಗಳಲ್ಲಿ ಇದನ್ನು ಹುಡುಕುವುದು ವ್ಯರ್ಥ.

1990ರ ದಶಕದ ವೇಳೆಗೆ ಕೇಳುಗರು ಕಡಲಾಚೆಗೂ ಹರಡಿದ್ದರು. ಅಮೆರಿಕದ ಕುಶಲ ವಿಚಾರಿಸುವ ಶೀರ್ಷಿಕೆಯ ‘ಕೆಡು ಅಮೆರಿಕ’ 1996ರಲ್ಲಿ ಹೊರಬಂತು. 2007ರ ಮೇ ತಿಂಗಳಲ್ಲಿ ಒಸಡೆಬೆ ನಿಧನರಾದದ್ದೂ ಅಮೆರಿಕದ ಕನೆಕ್ಟಿಕಟ್ ರಾಜ್ಯದಲ್ಲಿಯೇ.