ಜಕಾತ್‌ನಿಂದ ಜಕಾತಿಗೆ

ಜಕಾತಿ (ನಾ.) ಸುಂಕ, ಊರೊಳಗೆ ಬರುವ ಸರಕಿನ ಮೇಲಿನ ತೆರಿಗೆ.

ರಂಜಾನ್ ಬಂತೆಂದರೆ ವಿಜಯಪುರದಲ್ಲಿ ‘ಜಕಾತ್’ ಎಂಬ ಮಾತು ಪದೇ ಪದೇ ಕಿವಿಗೆ ಬೀಳುತ್ತದೆ. ಕೆಲವರು ಅದನ್ನೇ ‘ಜಕಾತಿ’ ಎಂದು ಬರೆದುಬಿಡುತ್ತಾರೆ. ಬೇರು ಒಂದೇ, ಅರ್ಥ ಬೇರೆ.

ಅರಬ್ಬಿಯ ‘ಜಕಾ’ ಎಂದರೆ ಬೆಳೆಯುವುದು, ಶುದ್ಧವಾಗುವುದು. ಹೀಬ್ರೂವಿನ ‘ಜಕ್’ (ಶುದ್ಧ) ಇದರ ದಾಯಾದಿ. ಉಳಿತಾಯ ನಿಗದಿತ ಮಿತಿ ದಾಟಿ ವರ್ಷ ತುಂಬಿದರೆ ಅದರಲ್ಲಿ ಶೇ 2.5 ಪಾಲು ಬಡವರಿಗೆ, ಸಾಲದಲ್ಲಿ ಸಿಲುಕಿದವರಿಗೆ, ದಾರಿಹೋಕರಿಗೆ ಸಲ್ಲಬೇಕು. ಇದೇ ಜಕಾತ್, ಮುಸ್ಲಿಮರಿಗೆ ಕಡ್ಡಾಯ. ಮನಸ್ಸಿಗೆ ಬಂದಷ್ಟು ಕೊಡುವುದಕ್ಕೆ ಸದಕಾ, ಖೈರಾತು ಎಂಬ ಹೆಸರುಗಳಿವೆ. ಫಸಲಿನ ಪಾಲಿಗೆ ‘ಉಶ್ರ್’ ಎನ್ನುತ್ತಾರೆ: ಮಳೆ ನಂಬಿದ ಬೆಳೆಯಲ್ಲಿ ಹತ್ತರಲ್ಲೊಂದು, ನೀರೆತ್ತಿ ಬೆಳೆದದ್ದರಲ್ಲಿ ಇಪ್ಪತ್ತರಲ್ಲೊಂದು. ತಿಕೋಟಾ, ಬಬಲೇಶ್ವರದ ಕಡೆ ಬೋರಿನ ನೀರಿಗೆ ಬೆಳೆದ ದ್ರಾಕ್ಷಿ ಎರಡನೆಯ ಲೆಕ್ಕಕ್ಕೆ ಸೇರುತ್ತದೆ.

‘ಜಕಾತ್’ ಎಂಬ ಇದೇ ಮಾತು ಪಾರಸಿಯ ಹಾದಿಯಲ್ಲಿ ಬಂದು ಸರ್ಕಾರದ ಕೈಗೆ ಸಿಕ್ಕು ಸುಂಕವಾಯಿತು. ಮರಾಠಿಯಲ್ಲಂತೂ ‘ಜಕಾತ್’ ಎಂದರೇ ಸುಂಕ. 1956ರವರೆಗೆ ಮುಂಬಯಿ ಆಡಳಿತದಲ್ಲಿದ್ದ ಈ ಸೀಮೆಗೆ ‘ಜಕಾತಿ ನಾಕಾ’ ಹೊಸದೇನಲ್ಲ. ಕರ್ನಾಟಕದಲ್ಲಿ ಆ ತೆರಿಗೆ 1979ರಲ್ಲೇ ರದ್ದಾಯಿತು. ರಂಜಾನ್ ಸುದ್ದಿ ಬರೆಯುವವರು ದಯವಿಟ್ಟು ‘ಜಕಾತ್’ ಎಂದೇ ಬರೆಯಿರಿ.